ಆಚಾರ್ರ ಕಿವಿ

ಹೋದ ವಾರ ನಮ್ಮ ಪಾಲಿಟೆಕ್ನಿಕ್ಕಿನ ಲ್ಯಾಬಿನಲ್ಲಿ ಎರಡನೇ ವರ್ಷದ ಹುಡುಗಿಯರು ಬೆಸುಗೆ ಹಾಕುವುದನ್ನು ಕಲಿಯುತ್ತಿದ್ದರು. ಒಬ್ಬಳು ಕಾದ ಐರನ್ನನ್ನು ರಾಳದ ಡಬ್ಬಿಗೆ ಅದ್ದಿದಳು. ಚುಯ್ ಎಂದು ಬಿಳಿ ಹೊಗೆ ಎದ್ದು, ಧೂಪವೂ ಅಲ್ಲದ, ಸುಟ್ಟ ಮರವೂ ಅಲ್ಲದ ಆ ಹಳೆಯ ವಾಸನೆ ಮೂಗಿಗೆ ಬಡಿಯಿತು. ಈಗ ಬೆಸುಗೆಯ ತಂತಿಯೊಳಗೇ ರಾಳ ಇರುತ್ತದೆ, ಬೇರೆ ಡಬ್ಬಿ ಇಡುವವರು ಕಡಿಮೆ. ಎಲ್ಲಿತ್ತೇ ಅದು ಎಂದು ಕೇಳಿದೆ. ಬೀರುವಿನ ಹಿಂದಿನ ಮೂಲೆಯಲ್ಲಿ ಸಿಕ್ಕಿತು ಎಂದಳು. ಪಾಂಡವಪುರದ ಆಚಾರ್ರು ನನಗೆ ಕೊಟ್ಟಿದ್ದ ಡಬ್ಬಿ ಅದು. ನಾನು ಪಾಠವನ್ನು ಅರ್ಧಕ್ಕೆ ನಿಲ್ಲಿಸಿ ಅದನ್ನು ಕೈಗೆ ತೆಗೆದುಕೊಂಡೆ...

ಆಚಾರ್ರದು ಅಕ್ಕಸಾಲಿಗರ ಮನೆತನ. ಪಾಂಡವಪುರದ ಪೇಟೆಯಿಂದ ಒಳಕ್ಕೆ ತಿರುಗುವ ಒಂದು ಓಣಿಯಲ್ಲಿ ಅವರ ತಂದೆ ಒಡವೆ ಮಾಡುತ್ತಿದ್ದ ಅಂಗಡಿಯಿತ್ತು. ಅದೇ ಮರದ ಮಣೆಯ ಮೇಲೆ ಕೂತು ಇವರು ಆಂಪ್ಲಿಫೈಯರ್ ಮಾಡುತ್ತಿದ್ದರು. ರಿಪೇರಿಯಲ್ಲ, ಮಾಡುವುದೇ. ತಗಡು ಬಗ್ಗಿಸಿ ಪೆಟ್ಟಿಗೆ, ತಾಮ್ರದ ತಂತಿ ಸುತ್ತಿ ಟ್ರಾನ್ಸ್‌ಫಾರ್ಮರ್, ಮೂಗುತಿಗೆ ಹರಳು ಕೂರಿಸುವಷ್ಟು ನಾಜೂಕಾಗಿ ಬೆಸುಗೆ. ಕೆ.ಆರ್. ಪೇಟೆ, ನಾಗಮಂಗಲದ ಮೈಕ್‌ಸೆಟ್ಟಿನವರು ಬಸ್ಸಿನಲ್ಲಿ ಬಂದು, ಮಡಿಲ ಮಗುವಿನ ಹಾಗೆ ಅದನ್ನು ತೊಡೆಯ ಮೇಲಿಟ್ಟುಕೊಂಡು ಹೋಗುತ್ತಿದ್ದರು.

ಅವರ ಬಳಿ ಅಳೆಯುವ ಯಂತ್ರ ಒಂದೂ ಇರಲಿಲ್ಲ. ಕರೆಂಟು ನೋಡುವ ಹಳೆಯ ಮೀಟರೊಂದನ್ನು ಬಿಟ್ಟರೆ ಇದ್ದದ್ದು ಅವರ ಕಿವಿ. ಹೊಸ ಪೆಟ್ಟಿಗೆ ಸಿದ್ಧವಾದಾಗ ಅಡುಗೆಮನೆಯ ತನಕ ವೈರು ಎಳೆದು ಹೆಂಡತಿಯ ಕೈಗೆ ಮೈಕ್ ಕೊಡುತ್ತಿದ್ದರು. ಆ ಅಮ್ಮ ಒಳಗಿಂದ ಸೊಪ್ಪಿನ ಬೆಲೆಯನ್ನೋ ನೆರೆಮನೆಯವರ ಸುದ್ದಿಯನ್ನೋ ಮಾತಾಡುತ್ತಿದ್ದರು. ಆಚಾರ್ರು ಓಣಿಯ ತುದಿಗೆ ಹೋಗಿ, ಕಣ್ಣು ಮುಚ್ಚಿ ನಿಂತು ಕೇಳುತ್ತಿದ್ದರು. ದನಿ ಹೆಂಡತಿಯದೇ ಅನ್ನಿಸಿದರೆ ಪೆಟ್ಟಿಗೆ ಪಾಸು. ಸ್ವಲ್ಪ ಬೇರೆಯವರ ದನಿ ಅನ್ನಿಸಿದರೂ ಮತ್ತೆ ಬಿಚ್ಚುತ್ತಿದ್ದರು. ನಾನು ಇದನ್ನು ಸ್ಟಾಫ್ ರೂಮಿನಲ್ಲಿ ಹೇಳಿ ನಗಿಸಿದ್ದುಂಟು.

ನಾನು ಶ್ರೀರಂಗಪಟ್ಟಣದ, ದೇವಸ್ಥಾನದ ಸೇವೆಯ ಮನೆತನದವಳು. ನಮ್ಮ ಮನೆಯಲ್ಲಿ ಮಡಿ ಎಷ್ಟಿತ್ತೋ ನನ್ನಲ್ಲಿ ಓದಿದವಳೆಂಬ ಜಂಬವೂ ಅಷ್ಟೇ ಇತ್ತು. ಬೆಸುಗೆ ಕಲಿಯಲು ಆಚಾರ್ರ ಹತ್ತಿರ ಹೋಗುತ್ತಿದ್ದೆ, ಅವರ ಮನೆಯಲ್ಲಿ ಕಾಫಿ ಕುಡಿಯುತ್ತಿದ್ದೆ. ಆದರೆ ಅವರದು ಕೈಕೆಲಸ, ನನ್ನದು ವಿದ್ಯೆ ಎಂಬ ಗೆರೆಯನ್ನು ಮನಸ್ಸಿನಲ್ಲಿ ಎಳೆದೇ ಇಟ್ಟುಕೊಂಡಿದ್ದೆ.

ನಮ್ಮೂರಿನ ಸಭಾಭವನದಲ್ಲಿ ಆಚಾರ್ರ ಆಂಪ್ಲಿಫೈಯರ್ ಬಹಳ ವರ್ಷದಿಂದ ಇತ್ತು. ಒಂದು ಬೇಸಿಗೆಯಲ್ಲಿ ಅಲ್ಲಿ ಭಾಷಣಗಳೆಲ್ಲ ಕೊರಕೊರ ಎಂದು ಕೇಳತೊಡಗಿದವು. ಸ್ಪೀಕರ್ ಬಿಚ್ಚಿ ನೋಡಿ ಎಂದರು ಆಚಾರ್ರು. ಪೆಟ್ಟಿಗೆಯೇ ಹಳತಾಗಿದೆ, ಕಂಪನಿಯದು ತರೋಣ ಎಂದರು ಸಮಿತಿಯವರು. ಜಗಳ ಬೇಡವೆಂದು ನನ್ನನ್ನು ಕರೆದರು. ನಮ್ಮ ಕಾಲೇಜಿಗೆ ಆಗಷ್ಟೇ ಅನಲಾಗ್-ಟು-ಡಿಜಿಟಲ್ ಕನ್ವರ್ಟರ್ ಇರುವ ಒಂದು ಡಬ್ಬಿ ಬಂದಿತ್ತು. ಟಿಫನ್ ಕ್ಯಾರಿಯರಿನ ಒಂದು ಬಟ್ಟಲಷ್ಟು ದೊಡ್ಡದು. ನನಗಂತೂ ಅದನ್ನು ನಾಲ್ಕು ಜನರೆದುರು ತೋರಿಸುವ ಆಸೆ ತಡೆಯಲಾಗುತ್ತಿರಲಿಲ್ಲ.

ಅದರ ಕೆಲಸ ಸರಳ. ತಂತಿಯಲ್ಲಿ ಹರಿದು ಬರುವ ಸದ್ದಿನ ಅಲೆಯನ್ನು ಸೆಕೆಂಡಿಗೆ ಸಾವಿರಾರು ಸಲ ಅಳೆದು ಅಂಕಿಗಳಾಗಿ ಮಾಡುತ್ತದೆ, ಆ ಅಂಕಿಗಳಿಂದ ಕಂಪ್ಯೂಟರು ಚಿತ್ರ ಬರೆಯುತ್ತದೆ. ಆಂಪ್ಲಿಫೈಯರಿಗೆ ಅದೇ ಡಬ್ಬಿಯಿಂದ ಒಂದೇ ಒಂದು ಶುದ್ಧ ಸ್ವರ ಕೊಡಬೇಕು. ಅದು ತನ್ನದೇನನ್ನೂ ಬೆರೆಸದಿದ್ದರೆ ಪರದೆಯ ಮೇಲೆ ಒಂದೇ ಉದ್ದನೆಯ ಕಡ್ಡಿ ನಿಲ್ಲುತ್ತದೆ. ಬೆರೆಸಿದರೆ ಪಕ್ಕದಲ್ಲಿ ಮರಿಕಡ್ಡಿಗಳು ಏಳುತ್ತವೆ. ಅವತ್ತು ಸಮಿತಿಯವರೆಲ್ಲ ನನ್ನ ಬೆನ್ನ ಹಿಂದೆ ಬಗ್ಗಿ ನೋಡುತ್ತಿದ್ದರು. ದನಿ ಏರಿಸಿದೆ. ಸಾಲಾಗಿ ಮರಿಕಡ್ಡಿಗಳು ಎದ್ದವು. ನೋಡಿ, ಇದೇ ಕೊರಕು ಎಂದೆ.

ಆಚಾರ್ರು ಕಂಬಕ್ಕೆ ಒರಗಿ ನಿಂತಿದ್ದರು. ಹತ್ತಿರ ಬಂದು ಮೆತ್ತಗೆ ಕೇಳಿದರು.

"ಮೇಡಮ್ಮೋರೆ, ಮೊದ್ಲು ಈ ಡಬ್ಬೀನೇ ಒಂದ್ಸಲ ನೋಡ್ಬುಟ್ರಾ? ನಮ್ಮಪ್ಪ ಚಿನ್ನ ತೂಗೋಕ್ ಮುಂಚೆ ಬರೀ ತಕ್ಕಡಿ ಎತ್ತಿ ಗಿರಾಕಿಗೆ ತೋರ್ಸೋರು. ಎರಡು ತಟ್ಟೇನೂ ಸಮ ನಿಂತ್ಮೇಲೆ ಚಿನ್ನ ಆಕೋರು."

"ಇದು ತಕ್ಕಡಿಯಲ್ಲ ಆಚಾರ್ರೇ" ಎಂದೆ ನಾನು. ಸಮಿತಿಯವರು ನಕ್ಕರು. ಅವರು ನಕ್ಕದ್ದು ನನಗೆ ಹಿತವಾಯಿತು, ಸುಳ್ಳು ಯಾಕೆ ಹೇಳಲಿ.

ಎರಡು ಹಾಳೆಯ ವರದಿ ಬರೆದು ಸಹಿ ಹಾಕಿ ಕೊಟ್ಟೆ. ಆಂಪ್ಲಿಫೈಯರ್ ದನಿಯನ್ನು ವಿಕಾರಗೊಳಿಸುತ್ತಿದೆ ಎಂದು ಸ್ಪಷ್ಟವಾಗಿ ಬರೆದಿದ್ದೆ. ಒಂದು ವಾರದೊಳಗೆ ಆಚಾರ್ರ ಪೆಟ್ಟಿಗೆ ಆಟೋದಲ್ಲಿ ಅವರ ಅಂಗಡಿಗೆ ವಾಪಸು ಹೋಯಿತು. ವರದಿಯ ಸುದ್ದಿಯೂ ಊರೂರು ಹೋಯಿತು. ಪಾಲಹಳ್ಳಿಯವರು ಮಾಡಲು ಹೇಳಿದ್ದ ಒಂದು ಸೆಟ್ಟು ಬೇಡವೆಂದರಂತೆ, ಆಮೇಲೆ ಇನ್ನು ಯಾರೋ... ಸಭಾಭವನಕ್ಕೆ ಕಂಪನಿಯ ಪೆಟ್ಟಿಗೆ ಬಂತು. ಕೊರಕೊರ ಮಾತ್ರ ಹಾಗೇ ಉಳಿಯಿತು. ಆ ಸಭಾಭವನವೇ ಅಷ್ಟು ಎಂದು ಜನ ಸುಮ್ಮನಾದರು. ನಾನು ಅಷ್ಟಕ್ಕಾದರೂ ಎಚ್ಚರಗೊಳ್ಳಬೇಕಿತ್ತು.

ಎರಡು ತಿಂಗಳ ಮೇಲೆ, ಒಂದು ಪಾಠಕ್ಕೆ ತಯಾರಾಗಲೆಂದು ಬೀರುವಿನಿಂದ ಆ ಅಳೆಯುವ ಡಬ್ಬಿ ತೆಗೆದೆ. ಅದರ ಸ್ವರವನ್ನು ಅದಕ್ಕೇ ಕೊಟ್ಟು ನೋಡಿದೆ. ನಡುವೆ ಆಂಪ್ಲಿಫೈಯರೂ ಇಲ್ಲ, ಏನೂ ಇಲ್ಲ. ಪರದೆಯ ಮೇಲೆ ಮರಿಕಡ್ಡಿಗಳು ಎದ್ದವು. ಅದೇ ಕಡ್ಡಿಗಳು, ಅದೇ ಜಾಗದಲ್ಲಿ. ಡಬ್ಬಿಯ ಮುಂದೆ, ಮೈಕಿನ ಸಣ್ಣ ದನಿಯನ್ನು ಹಿಗ್ಗಿಸಲು ತಿರುಗಿಸುವ ಒಂದು ಗುಂಡಿಯಿದೆ. ಅದನ್ನು ನಾನು ಸಭಾಭವನದಲ್ಲಿ ಇಳಿಸಿರಲೇ ಇಲ್ಲ. ಬಂದ ಅಲೆಯ ತಲೆಯನ್ನು ಡಬ್ಬಿಯೇ ಸವರಿಹಾಕಿತ್ತು, ಕಡ್ಡಿಗಳು ಹುಟ್ಟಿದ್ದು ಅದರಿಂದ. ಗುಂಡಿ ಇನ್ನೂ ನಾನು ಬಿಟ್ಟಲ್ಲೇ ಇತ್ತು. ಆಚಾರ್ರ ಪೆಟ್ಟಿಗೆಯನ್ನು ಅಳೆದೆನೆಂದು ನಾನು ಅಳೆದಿದ್ದು ನನ್ನ ಡಬ್ಬಿಯನ್ನೇ.

ಮರುದಿನವೇ ಹೋಗಿ ಹೇಳಬೇಕಿತ್ತು. ಪರೀಕ್ಷೆ ಮುಗಿಯಲಿ ಅಂದುಕೊಂಡೆ. ಪರೀಕ್ಷೆ ಮುಗಿಯಿತು, ದಸರಾ ರಜೆ ಬಂತು, ಹೋಯಿತು. ಪಾಂಡವಪುರದ ಬಸ್ಸು ಕಂಡರೆ ಮುಖ ತಿರುಗಿಸುತ್ತಿದ್ದೆ. ಒಂದು ಪೆಟ್ಟಿಗೆ ತಾನೇ, ಆಚಾರ್ರಿಗೆ ಇನ್ನೂ ಬೇಕಾದಷ್ಟು ಕೆಲಸ ಇರುತ್ತದೆ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಸಹಿ ಹಾಕಿದ ಕೈಯಿಂದಲೇ ತಪ್ಪೆಂದು ಬರೆಯುವುದು ಅಷ್ಟು ಕಷ್ಟ ಎಂದು ಅದಕ್ಕೆ ಮೊದಲು ನನಗೆ ಗೊತ್ತಿರಲಿಲ್ಲ.

ಇನ್ನೊಂದು ಬೇಸಿಗೆ ಹತ್ತಿರವಾದಾಗ ಕೊನೆಗೆ ಹೋದೆ. ಡಬ್ಬಿಯನ್ನೂ, ತಿದ್ದಿ ಬರೆದ ಹಾಳೆಗಳನ್ನೂ ಚೀಲದಲ್ಲಿ ಹಾಕಿಕೊಂಡಿದ್ದೆ. ಅಂಗಡಿಯಲ್ಲಿ ತಂತಿ ಸುತ್ತುವ ಯಂತ್ರ ಇರಲಿಲ್ಲ, ಗುಜರಿಗೆ ಹೋಗಿತ್ತು. ಆಚಾರ್ರು ಮಣೆಯ ಮೇಲೆ ಒಬ್ಬರೇ ಕೂತಿದ್ದರು. ನಿಂತುಕೊಂಡೇ ಎಲ್ಲ ಹೇಳಿಬಿಟ್ಟೆ. ಗುಂಡಿ, ಡಬ್ಬಿ, ನನ್ನ ಜಂಬ, ಎಲ್ಲ. ಬೈಯುತ್ತಾರೆ ಎಂದು ಕಾದೆ.

"ಅಂಗಾರೆ ನನ್ ಕಿವಿ ಸರಿಯಾಗದಾ?" ಎಂದರು.

ನನಗೆ ಅರ್ಥವಾಗಲಿಲ್ಲ.

"ಪೆಟ್ಗೆ ಕೆಟ್ಟದೆ ಅಂತ ನಾನು ಬ್ಯಾಸ್ರ ಮಾಡ್ಕಳ್ನಿಲ್ಲ ಮೇಡಮ್ಮ. ಮನೇಗ್ ತಂದು ಎಷ್ಟು ದಿನ ಕೇಳ್ದೆ ಗೊತ್ತಾ? ಒಂದ್ ಚೂರೂ ಕೊರಕು ಸಿಕ್ನಿಲ್ಲ. ನಿಮ್ ಕಾಗ್ದದಲ್ಲಿ ಅದೆ, ನನ್ ಕಿವೀಗಿಲ್ಲ. ಓದಿರೋರು ಸುಳ್ಳು ಬರೀತಾರಾ? ಕಿವಿ ಓಯ್ತು ಅಂದ್ಕಂಡೆ. ಕಿವಿ ಇಲ್ದೋನು ಇದ್ನ ಮಾಡ್ಬಾರ್ದು ಅಂತ ಬುಟ್ಬುಟ್ಟೆ."

ಒಳಗಿಂದ ಬಂದ ಅವರ ಹೆಂಡತಿ ಬಾಗಿಲಲ್ಲಿ ನಿಂತು ಕೇಳಿಸಿಕೊಂಡಿದ್ದರು. "ನಾನ್ ಏನಾರ ಅಂದ್ರೂ ನನ್ ಬಾಯ್ನೇ ನೋಡೋರು ಕಣವ್ವಾ, ಸರಿಯಾಗ್ ಕೇಳ್ತಾ ಅದೋ ಇಲ್ವೋ ಅಂತ. ರೇಡಿಯೋನೂ ಆಕ್ತಿರ್ನಿಲ್ಲ" ಎಂದರು. ಅವರ ಮಾತಿನಲ್ಲೂ ಸಿಟ್ಟಿರಲಿಲ್ಲ. ಇದ್ದಿದ್ದರೆ ನನಗೆ ಒಳ್ಳೆಯದಾಗುತ್ತಿತ್ತು.

ಅವತ್ತು ಗುಂಡಿ ಇಳಿಸಿ, ಮೊದಲು ಬರೀ ಡಬ್ಬಿಯನ್ನು ಅಳೆದು ಅವರಿಗೆ ತೋರಿಸಿದೆ. ಆಮೇಲೆ ಪೆಟ್ಟಿಗೆಯ ಧೂಳು ಒರೆಸಿ ಜೋಡಿಸಿದೆ. ಒಂದೇ ಕಡ್ಡಿ ನಿಂತಿತು. ಎಷ್ಟು ದನಿ ಏರಿಸಿದರೂ ಒಂದೇ. ಆಚಾರ್ರು ಪರದೆಯನ್ನು ಮುಟ್ಟಿ, "ಒಂದೇಯಾ?" ಎಂದು ಎರಡು ಸಲ ಕೇಳಿದರು. ಹೂಂ ಆಚಾರ್ರೇ, ಒಂದೇ ಎಂದೆ. ಹೊರಡುವಾಗ ಆ ರಾಳದ ಡಬ್ಬಿಯನ್ನು ಕೈಗಿತ್ತು, ಇನ್ನು ನನಗ್ಯಾಕೆ, ಮಕ್ಕಳಿಗೆ ಕಲಿಸಿ ಎಂದರು. ಸಮಿತಿಯವರೆದುರು ಹೊಸ ವರದಿಯನ್ನು ನಾನೇ ಓದಿದೆ. ಸಭಾಭವನದ ಸ್ಪೀಕರ್ ಬಿಚ್ಚಿದಾಗ ಒಳಗಿನ ಕಾಗದದ ಕೋನ್ ಹರಿದು ಉಜ್ಜುತ್ತಿದ್ದದ್ದು ಸಿಕ್ಕಿತು. ಆದರೆ ಕೈಬಿಟ್ಟ ಕೆಲಸವನ್ನು ಆಚಾರ್ರು ಮತ್ತೆ ಹಿಡಿಯಲಿಲ್ಲ. ಎರಡು ತಿಂಗಳಿಗೆ, ಮಲಗಿದವರು ಏಳಲಿಲ್ಲ...

ಹೋದ ವಾರ ಹುಡುಗಿಯರಿಗೆ ಇದನ್ನೆಲ್ಲ ಹೇಳಿದೆ. ಪ್ರತಿ ವರ್ಷವೂ ಮೊದಲು ಡಬ್ಬಿಯನ್ನು ಅಳೆಯಿರಿ ಎಂದು ಕಲಿಸುತ್ತೇನೆ. ಆದರೆ ತಪ್ಪು ಮಾಡಿದವರು ಯಾರೋ ಒಬ್ಬರು ಎಂದೇ ಹೇಳುತ್ತಿದ್ದೆ. ನಾನೇ ಅಂದದ್ದು ಇದೇ ಮೊದಲು. ಅವರು ಬೈಯಲಿಲ್ವಾ ಮೇಡಂ ಎಂದು ಒಬ್ಬಳು ಕೇಳಿದಳು. ಇಲ್ಲ ಎಂದೆ. ಮತ್ತೆ ಯಾಕೆ ಅಳ್ತೀರಿ ಎಂದಳು.

ನಾನು ವರದಿ ಬರೆದ ಮೇಲೆ ಆಚಾರ್ರಿಗೆ ಉಳಿದಿದ್ದದ್ದು ಒಂದು ವರ್ಷ. ಅದರಲ್ಲಿ ಹತ್ತು ತಿಂಗಳು ತನ್ನ ಕಿವಿ ಹೋಯಿತೆಂದು ನಂಬಿ, ಹೆಂಡತಿಯ ಮಾತನ್ನೂ ಅನುಮಾನದಿಂದ ಕೇಳುತ್ತ ಬದುಕಿದರು. ಮೊದಲ ಎರಡು ತಿಂಗಳು ನನ್ನ ತಪ್ಪು ನನಗೆ ಗೊತ್ತಿರಲಿಲ್ಲ. ಉಳಿದ ಎಂಟು ತಿಂಗಳು ಗೊತ್ತಿತ್ತು.