ಪಿಟೀಲು ನಿಲ್ಲುವ ತನಕ

ಆ ಅಮೆರಿಕದ ಮುದುಕರು ಅರಸೀಕೆರೆಯಲ್ಲಿ ರೈಲು ಇಳಿಯದೇ ಹೋಗಿದ್ದರೆ ಎಂದು ಎಷ್ಟೋ ಸಲ ಅಂದುಕೊಂಡಿದ್ದೇನೆ. ಅವರನ್ನು ಬೈದುಕೊಂಡರೆ ಏನು ಬಂತು? ಮನೆಗೆ ಕರೆತಂದವಳು ನಾನೇ.

ತೊಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಹಳೇಬೀಡಿನ ಒಂದು ಹೈಸ್ಕೂಲಿನಲ್ಲಿ ನಾನು ಇಂಗ್ಲಿಷ್ ಮೇಡಂ. ಡಿಸೆಂಬರಿನ ಒಂದು ಭಾನುವಾರ ಅವರು ದೇವಸ್ಥಾನದ ಹುಲ್ಲಿನ ಮೇಲೆ ನಿಂತು, ಪಿಟೀಲನ್ನು ಗದ್ದಕ್ಕೆ ಕೊಡದೆ ಎದೆಗೆ ಒತ್ತಿಕೊಂಡು ನುಡಿಸುತ್ತಿದ್ದರು. ಮಾತಾಡಿಸಿದೆ. ಬೇಲೂರಿನ ಲಾಡ್ಜಿನಲ್ಲಿ ಇದ್ದರು, ಹಳ್ಳಿಯವರ ಕುಣಿತ ನೋಡುವ ಹುಚ್ಚು. ನಮ್ಮಪ್ಪ ಕೋಲಾಟದ ಮೇಳದ ಯಜಮಾನ ಎಂದು ಜಂಬ ಕೊಚ್ಚಿದೆ. ನನ್ನ ಇಂಗ್ಲಿಷ್ ಅವರಿಗೆ ಅರ್ಥವಾಗುತ್ತಿದೆ ಎಂಬ ಖುಷಿಯೂ ಇತ್ತು, ಸುಳ್ಳೇಕೆ ಹೇಳಲಿ.

ಬಾಯಿ ಮುಚ್ಚಿಕೊಂಡು ಇರಬೇಕಿತ್ತು. ಅದಕ್ಕೆ ಒಂದು ತಿಂಗಳ ಹಿಂದೆಯಷ್ಟೇ ಹಾಸನದ ಡಾಕ್ಟರು ಅಪ್ಪನ ಎದೆ ನೋಡಿ, ಇನ್ನು ಕುಣಿತ ಬಿಟ್ಟುಬಿಡಿ ಅಂದಿದ್ದರು. ವಾಪಸು ಬರುವ ಬಸ್ಸಿನಲ್ಲಿ ಅಪ್ಪ ನನ್ನ ಕೈ ಎಳೆದು ತನ್ನ ತಲೆಯ ಮೇಲೆ ಇಟ್ಟುಕೊಂಡ.

"ಯಾರ್ಗೂ ಹೇಳಕಿಲ್ಲ ಅಂತ ಆಣೆ ಮಾಡವ್ವ. ನಿಮ್ಮವ್ವಂಗೆ ಗೊತ್ತಾದ್ರೆ ಕೋಲು ಒಲೆಗಾಕ್ತಾಳೆ. ಮ್ಯಾಳದೋರು ಬ್ಯಾರೆ ಯಜಮಾನನ್ನ ನೋಡ್ಕತಾರೆ."

ತಲೆ ಮುಟ್ಟಿ ಮಾಡಿದ ಆಣೆ ಮುರಿದರೆ ಆ ತಲೆಗೇ ಕೇಡು ಎಂದು ನಮ್ಮ ಕಡೆ ನಂಬುತ್ತಾರೆ. ಮಕ್ಕಳಿಗೆ ಮೂಢನಂಬಿಕೆಯ ಮೇಲೆ ಪ್ರಬಂಧ ಬರೆಸುತ್ತಿದ್ದ ನಾನು ತೆಪ್ಪಗೆ ಆಣೆ ಮಾಡಿದೆ. ಮಾಡಿದ ಮೇಲೆ ಹೆದರಿದೆ.

ನಾನು ಕರೆದಂತೆ ಮುಂದಿನ ಭಾನುವಾರ ಬೆಳಗ್ಗೆ ಆ ಮುದುಕರು ನಮ್ಮ ಜಗಲಿಯಲ್ಲಿ ಕೂತು ತಮ್ಮ ಪಿಟೀಲಿನ ಕಥೆ ಹೇಳಿದರು, ನಾನು ಕನ್ನಡ ಮಾಡಿದೆ. ಆ ಮಟ್ಟುಗಳು ಸ್ಕಾಟ್ಲೆಂಡು, ಐರ್ಲೆಂಡಿನ ಬಡವರ ಜೊತೆ ಹಡಗು ಹತ್ತಿ ಬಂದವಂತೆ. ಆಫ್ರಿಕದಿಂದ ಸರಪಳಿ ಬಿಗಿದು ತಂದ ಗುಲಾಮರು ಅವಕ್ಕೆ ತಮ್ಮ ಲಯ ಕೂಡಿಸಿದರಂತೆ. ಧಣಿಗಳು ಕುಣಿಯುವಾಗ ಎಷ್ಟೋ ಕಡೆ ನುಡಿಸುತ್ತಿದ್ದವರೂ ಆ ಗುಲಾಮರೇ. ಚರ್ಚಿನ ಕಟ್ಟಾ ಭಕ್ತರು ಪಿಟೀಲನ್ನು ಸೈತಾನನ ಪೆಟ್ಟಿಗೆ ಎಂದು ಕರೆದು ಮನೆಯೊಳಗೆ ಬಿಡುತ್ತಿರಲಿಲ್ಲವಂತೆ. ಇಷ್ಟು ಹೇಳಿ ಅವರು ಪಿಟೀಲನ್ನು ಅಲ್ಲಾಡಿಸಿದರು. ಒಳಗೆ ಏನೋ ಗಲಗಲ ಅಂದಿತು. ಅವರ ಸೀಮೆಯಲ್ಲಿ ಬಾಲದಿಂದ ಸದ್ದು ಮಾಡುವ ವಿಷದ ಹಾವೊಂದಿದೆಯಂತೆ, ಅದರ ಬಾಲದ ತುದಿ. ಹಳೇ ಪಿಟೀಲುಗಾರರು ಹಾಗೆ ಇಟ್ಟುಕೊಳ್ಳುವುದು ವಾಡಿಕೆಯಂತೆ.

"ಹಾವಿಂದು ಮನೆತಾವ ಬ್ಯಾಡ ಕಣೇ, ಆಚೆಗಿಡಾಕೇಳು" ಎಂದು ಅವ್ವ ಎದ್ದು ಒಳಗೆ ಹೋದಳು. ಅಪ್ಪ ನಕ್ಕ.

ಅವರು ಇನ್ನೊಂದು ಮಾತು ಹೇಳಿದ್ದರು. ಅವರ ಕುಣಿತದಲ್ಲಿ ಹೆಜ್ಜೆಗಳನ್ನು ಕೂಗಿ ಹೇಳುವವನೊಬ್ಬ ಇರುತ್ತಾನೆ, ಅವನು ಸಾಕು ಅನ್ನುವ ತನಕ ಪಿಟೀಲಿನವನು ನಿಲ್ಲಿಸುವ ಹಾಗಿಲ್ಲ. ಅಷ್ಟರಲ್ಲಿ ಅವ್ವ ಉಪ್ಪಿಟ್ಟು ತಂದಳು. ಸಣ್ಣ ವಿಷಯ ಅನ್ನಿಸಿ ನಾನು ಅದನ್ನು ಕನ್ನಡಕ್ಕೆ ತರಲಿಲ್ಲ.

ಮಧ್ಯಾಹ್ನ ಕಣದಲ್ಲಿ ಹನ್ನೆರಡು ಜನ ಕೋಲು ಹಿಡಿದು ನಿಂತರು. ಕೋಲಿನ ಸದ್ದು ತುಂಬಿಕೊಳ್ಳಲು ಮುದುಕರು ಟೇಪ್ ರೆಕಾರ್ಡರಿಗೆ ಹೊಸ ಕ್ಯಾಸೆಟ್ ಹಾಕಿ ಪಕ್ಕದಲ್ಲಿ ಇಟ್ಟುಕೊಂಡರು. ಪದದ ಬದಲು ಪಿಟೀಲಿಗೆ ಕುಣಿಯೋಣ ಎಂದು ಅಪ್ಪನೇ ಅಂದ. ನಾನು ಬೇಡ ಎಂದು ಕಣ್ಣಲ್ಲೇ ಹೇಳಿದೆ, ಅವನು ಆ ಕಡೆ ತಿರುಗಿಕೊಂಡ. ನಮ್ಮ ಮೇಳದಲ್ಲಿ ಪದ ನಿಲ್ಲುವ ತನಕ ಯಾರೂ ಕೋಲು ಇಳಿಸುವಂತಿಲ್ಲ, ಯಜಮಾನ ಕೂಡ. ಆವತ್ತು ಪಿಟೀಲೇ ಪದ.

ಐದು ನಿಮಿಷ ಚೆನ್ನಾಗಿತ್ತು. ಆ ಮಟ್ಟಿಗೆ ಮೊದಲೂ ಇಲ್ಲ ಕೊನೆಯೂ ಇಲ್ಲ, ಮುಗಿಯಿತು ಅನ್ನುವಾಗಲೇ ಮತ್ತೆ ಶುರು. ಹತ್ತು ನಿಮಿಷವಾಯಿತು. ಮುದುಕರು ಅಪ್ಪನ ಮುಖ ನೋಡುತ್ತಾ ನುಡಿಸುತ್ತಿದ್ದರು, ಅಪ್ಪ ಅವರ ಕಮಾನು ನೋಡುತ್ತಾ ಕುಣಿಯುತ್ತಿದ್ದ. ಇಬ್ಬರೂ ಒಬ್ಬರಿಗೊಬ್ಬರು ಕಾಯುತ್ತಿದ್ದಾರೆ ಎಂದು ಆ ಕಣದಲ್ಲಿ ಗೊತ್ತಿದ್ದವಳು ನಾನೊಬ್ಬಳೇ. ಅಪ್ಪನ ಎಡಗೈ ಕೆಳಗಾಗುತ್ತಿತ್ತು. ತುಟಿ ಬಿಳಿಚಿಕೊಂಡಿತ್ತು. ಅವ್ವ ಕಣದ ಅಂಚಿನಲ್ಲಿ ನಿಂತು ನಗುತ್ತಿದ್ದಳು. ಹೋಗಿ ಆ ಮುದುಕರ ಕಮಾನನ್ನೇ ಹಿಡಿದುಬಿಟ್ಟೆ.

ಪಿಟೀಲು ನಿಂತಿತು. ಎಲ್ಲರೂ ನನ್ನನ್ನು ನೋಡಿದರು.

"ಯಾಕ್ ನಿಲ್ಸಿದ್ಯವ್ವಾ?" ಅಪ್ಪ ಏದುಸಿರು ಬಿಡುತ್ತಾ ಕೇಳಿದ. ಆ ಕಣ್ಣಲ್ಲಿ ಸಿಟ್ಟಿಗಿಂತ ಹೆಚ್ಚಾಗಿ ಗೋಗರೆತ ಇತ್ತು. ಹತ್ತಿರದಲ್ಲೇ ಅವ್ವ, ಸುತ್ತ ಮೇಳ. ಹೇಳಿಬಿಡು, ಹೇಳಿಬಿಡು ಎಂದು ಮನಸ್ಸು ಬಡಿದುಕೊಂಡಿತು. ಅಂಗೈಯಲ್ಲಿ ಅವನ ತಲೆಯ ಬಿಸಿ ಇನ್ನೂ ಇದ್ದ ಹಾಗೆ ಅನ್ನಿಸಿತು.

"ಕ್ಯಾಸೆಟ್ ಮುಗೀತು ಕಣಪ್ಪಾ" ಅಂದೆ.

ಅಪ್ಪನ ಮುಖ ಅರಳಿತು. ಕೋಲುಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಬೆವರು ಒರೆಸಿಕೊಂಡ. "ಅಷ್ಟೇಯಾ? ತಿರುಗ್ಸಿ ಹಾಕಾಕೆ ಹೇಳು. ಇನ್ನೊಂದ್ಸಲ ಮೊದ್ಲಿಂದ ಕುಣಿಯಾನ."

ಏನಂದರು ಎಂದು ಮುದುಕರು ನನ್ನನ್ನು ಕೇಳಿದರು. ಹನ್ನೆರಡು ಜನ ಕಾಯುತ್ತಿದ್ದರು. ಅಪ್ಪ ಹೇಳಿದ್ದನ್ನು ಒಂದಕ್ಷರ ಬಿಡದೆ ಇಂಗ್ಲಿಷಿಗೆ ಮಾಡಿ ಹೇಳಿದೆ. ಕ್ಯಾಸೆಟ್ಟಿನ ಎರಡನೇ ಬದಿ ಅರ್ಧ ತುಂಬುವಷ್ಟರಲ್ಲಿ ಅಪ್ಪ ಬಿದ್ದ.