ಎ.ಸಿ. ಆರಿಸಿದ ಮಧ್ಯಾಹ್ನ

ತೊಂಬತ್ತರ ದಶಕದ ಮೊದಲಲ್ಲಿ ನಾವು ಗಲ್ಫಿನ ಅಲ್ ರಯ್ಯಾನ್‌ನಲ್ಲಿದ್ದಾಗ ಪಕ್ಕದ ಮನೆಯಲ್ಲಿ ಬಾಂಗ್ಲಾದೇಶದ ಗಂಡ ಹೆಂಡತಿ ಇದ್ದರು. ನಾನು ಮೀನುಸಾರು ಕಳಿಸಿದರೆ ಅವಳು ಪಾತ್ರೆಯನ್ನು ಬರಿದಾಗಿ ಹಿಂತಿರುಗಿಸಿದ್ದೇ ಇಲ್ಲ. ನಮ್ಮ ಮಾತೆಲ್ಲ ಹರಕು ಹಿಂದಿಯಲ್ಲಿ.

ಒಂದು ದಿನ ಬಟ್ಟೆ ಒಣಹಾಕುತ್ತ ಹೇಳಿದಳು. ಎಪ್ಪತ್ತೊಂದರ ಯುದ್ಧದಲ್ಲಿ ಸೈನಿಕರು ಅವಳ ಅಪ್ಪನನ್ನು ಎಳೆದೊಯ್ದರು. ಅಪ್ಪ ಮತ್ತೆ ಬರಲಿಲ್ಲ. ಮನೆ ತೋರಿಸಿಕೊಟ್ಟವನು ಅದೇ ಬೀದಿಯವನು. ಬಾಗಿಲ ಸಂದಿಯಿಂದ ಅವನ ಮುಖ ಕಂಡವಳು ಇವಳೊಬ್ಬಳೇ. ಅವನು ಈಗಲೂ ಅಲ್ಲೇ ಅಂಗಡಿ ಇಟ್ಟುಕೊಂಡಿದ್ದಾನೆ. ಅಂಥವರ ವಿಚಾರಣೆಯಾಗಬೇಕೆಂದು ಈಗ ಊರಲ್ಲಿ ಜನ ಎದ್ದಿದ್ದಾರೆ. ಕಣ್ಣಾರೆ ಕಂಡವರ ಮಾತನ್ನು ಒಬ್ಬ ವಕೀಲರು ಕೂಡಿಸುತ್ತಿದ್ದಾರೆ.

"ಕ್ಯಾಸೆಟ್ಟಿನಲ್ಲಿ ಹೇಳಿ ಕಳಿಸು ಮಾರಾಯ್ತಿ," ಎಂದೆ. ಆಗ ನಾವೆಲ್ಲ ಊರಿಗೆ ಮಾತು ಕಳಿಸುತ್ತಿದ್ದುದೇ ಹಾಗೆ.

ಅವಳ ಗಂಡನಿಗೆ ಸರಿಬರಲಿಲ್ಲ. "ಇಪ್ಪತ್ತು ವರ್ಷ ಆಯ್ತು ಭಾಬಿ, ಖಲಾಸ್. ಯಾವ ಕೋರ್ಟು ಕ್ಯಾಸೆಟ್ ಕೇಳ್ತದೆ?"

"ಕೇಳದಿದ್ರೆ ಬೇಡ. ನಾನು ಹೇಳಿದ್ದಾದ್ರೂ ಇರ್ಲಿ," ಎಂದಳು ಅವಳು.

ಶುಕ್ರವಾರ ಊಟದ ನಂತರ ನನ್ನ ಟೇಪ್‌ರೆಕಾರ್ಡರ್ ಹಿಡಿದು ಅವಳ ಮನೆಗೆ ಹೋದೆ. ಗಂಡ ಒಳಗೆ ಮಲಗಿದ್ದರು. ಅವಳು ಒಂದೇ ಉಸಿರಿಗೆ ಬಂಗಾಳಿಯಲ್ಲಿ ಹೇಳಿ ಮುಗಿಸಿದಳು. ತಿರುಗಿಸಿ ಕೇಳಿದರೆ ಬರೀ ಗುಂಯ್ ಎಂಬ ಸದ್ದು. ಅದರಡಿ ಎಲ್ಲೋ ಅವಳ ಸ್ವರ. ಕಿಟಕಿಯ ಎ.ಸಿ.! ಹಗಲೂ ರಾತ್ರಿ ಓಡುವ ಅದು ನಮ್ಮ ಕಿವಿಗೆ ಬೀಳುವುದೇ ನಿಂತಿತ್ತು. ನನ್ನ ಕ್ಯಾಸೆಟ್ ಕೇಳಿ ಅಮ್ಮ, "ನಿಮ್ಮಲ್ಲಿ ಯಾವಾಗ್ಲೂ ಮಳೆಯಾ?" ಎನ್ನುತ್ತಿದ್ದುದು ಆಗ ಅರ್ಥವಾಯಿತು.

"ಇನ್ನೊಮ್ಮೆ ನನ್ನಿಂದಾಗ್ಲಿಕ್ಕಿಲ್ಲ ದೀದಿ," ಎಂದು ಅವಳು ಮುಖ ಮುಚ್ಚಿಕೊಂಡಳು.

ಒಳಗಿನಿಂದ ಗಂಡ ಎದ್ದುಬಂದರು. ಬೈಯುತ್ತಾರೆಂದುಕೊಂಡೆ. ಅವರು ಎ.ಸಿ. ಆರಿಸಿದರು, ಫ್ರಿಜ್ಜಿನ ಪ್ಲಗ್ಗನ್ನೂ ಕಿತ್ತರು. ಅವಳೆದುರು ನೆಲದಲ್ಲೇ ಕೂತು ಮೆಲ್ಲಗೆ ಏನೋ ಅಂದರು. "ನನಗೆ ಹೇಳು. ಪೂರ್ತಿ ಯಾವತ್ತೂ ಹೇಳಿಲ್ಲ ನೀನು," ಎಂದರಂತೆ, ಅವಳೇ ಆಮೇಲೆ ತಿಳಿಸಿದಳು.

ಆಗಸ್ಟಿನ ಸೆಕೆ. ಮೂವರೂ ಬೆವರಿ ತೊಯ್ದೆವು. ನಾನು ಸೆರಗಿನಿಂದ ಗಾಳಿ ಹಾಕಹೋದರೆ, ಆ ಸದ್ದೂ ಬೇಡವೆಂದು ಅವರು ಕೈಸನ್ನೆ ಮಾಡಿದರು. ಈ ಸಲ ಅವಳ ಒಂದೊಂದು ಮಾತೂ ಸ್ಪಷ್ಟವಾಗಿ ಬಂತು.

ಅವಳ ಊರಿಗೆ ಹೊರಟವರೊಬ್ಬರ ಕೈಯಲ್ಲಿ ಕ್ಯಾಸೆಟ್ ಅವಳ ಅಮ್ಮನಿಗೆ ಹೋಯಿತು, ವಕೀಲರಿಗೆ ಮುಟ್ಟಿಸಲೆಂದು. ಚಳಿ ಶುರುವಾದಾಗ ಆ ಅಮ್ಮನ ಉತ್ತರ ಬಂತು, ಅದೂ ಕ್ಯಾಸೆಟ್ಟೇ.

"ವಕೀಲರು ಎರಡು ಸಲ ಕೇಳಿದ್ರಂತೆ ದೀದಿ! ಕೋರ್ಟು ಯಾವಾಗ ಅಂತ ಅವರಿಗೂ ಗೊತ್ತಿಲ್ಲ. ಆದ್ರೆ ಕರೆದ ದಿನ ನಾನೇ ನಿಂತು ಹೇಳ್ಬೇಕಂತೆ."

ನಾನು ಅವಳ ಗಂಡನ ಮುಖ ನೋಡಿದೆ.

"ಯಾವಾಗ ಕರೆದ್ರೂ ಸೈ ಭಾಬಿ," ಎಂದರು ಅವರು, ಚಹಾ ಸುರಿಯುತ್ತ. "ಇವಳ ಜೊತೆ ನಾನೂ ಹೋಗ್ತೇನೆ."