ತಾಸಿನ ಕರ್ಚಿಕಾಯಿಯ ಬೆನ್ನು ಹತ್ತಿ ಬಾದಾಮಿಗೆ

ಬಾಗಲಕೋಟೆಯ ವಿದ್ಯಾಗಿರಿಯಿಂದ ಬೆಳಿಗ್ಗೆ ಆರಕ್ಕೇ ಹೊರಟೆ. ಸಿಟ್ಟಿನ ಭರದಲ್ಲಿ ನೀರಿನ ಬಾಟಲಿಯನ್ನೂ ಮರೆತಿದ್ದೆ. ಹಿಂದಿನ ಸಂಜೆ ಮೊಬೈಲಿಗೆ ಒಂದು ಜಾಹೀರಾತು ಬಂದಿತ್ತು. ಬಾದಾಮಿಯ ಹತ್ತಿರ ಹೊಸದಾಗಿ ತೆರೆದ ಒಂದು ರೆಸಾರ್ಟಿನಲ್ಲಿ 'ಚಾಲುಕ್ಯರ ಕಾಲದ ತಾಸಿನ ಕರ್ಚಿಕಾಯಿ ಹಬ್ಬ'. ಚಾಲುಕ್ಯರಂತೆ! ಆ ಕರ್ಚಿಕಾಯಿಯನ್ನು ಹುಟ್ಟಿಸಿದವಳು ಇಳಕಲ್ಲಿನ ನೀಲವ್ವ, ನನ್ನ ತಾಯಿಯ ತಂಗಿ, ನನ್ನ ಚಿಗವ್ವ.

ನಾವು ಚಿಕ್ಕವರಿದ್ದಾಗ ದೀಪಾವಳಿಗೆ ಚಿಗವ್ವ ಬುಟ್ಟಿಗಟ್ಟಲೆ ಕರ್ಚಿಕಾಯಿ ಕರಿಯುತ್ತಿದ್ದಳು. ಕರಿಯುತ್ತಲೇ ಒಂದು ಊರಿನ ಕಥೆ ಹೇಳುತ್ತಿದ್ದಳು. ಆ ಊರಲ್ಲಿ ವರ್ಷಕ್ಕೊಮ್ಮೆ ತಾಸಿನ ಹಬ್ಬ. ಕೊಬ್ಬರಿ, ಬೆಲ್ಲ, ಗಸಗಸೆಯ ಜೊತೆ ಒಂದು ತಾಸನ್ನೂ ಒಳಗೆ ತುಂಬಿ ಅಂಚು ಮಡಚುತ್ತಾರೆ. ಮೊದಲನೆಯದು ಎಣ್ಣೆಯಿಂದ ಮೇಲೆ ಬಂದ ಕೂಡಲೇ ಸೂರ್ಯ ಇದ್ದಲ್ಲೇ ನಿಲ್ಲುತ್ತಾನೆ. ಕರಿದವಳು ಕೂತು, ಅದನ್ನು ಬಿಸಿಬಿಸಿ ತಿಂದು ಮುಗಿಸುವ ತನಕ ಅವಳನ್ನು ಯಾರೂ ಕರೆಯುವಂತಿಲ್ಲ, ಒಂದು ಲೋಟ ನೀರು ಕೂಡ ಕೇಳುವಂತಿಲ್ಲ. ಉಳಿದವರಿಗೆಲ್ಲ ಆಮೇಲೆ. ಹೋದ ವರ್ಷ ಚಿಗವ್ವ ಮೊಮ್ಮಕ್ಕಳಿಗೆ ಇದನ್ನು ಹೇಳುವಾಗ ಸೊಸೆ ಮೊಬೈಲಿನಲ್ಲಿ ಹಿಡಿದು ಕಂಡಕಂಡವರಿಗೆ ಕಳಿಸಿದ್ದಳು. ರೆಸಾರ್ಟಿನವರ ಕೈಗೆ ಅದು ಹಾಗೆಯೇ ಸಿಕ್ಕಿರಬೇಕು.

ಚಿಗವ್ವನನ್ನು ಕರೆದುಕೊಂಡೇ ಹೋಗಬೇಕೆಂದು ಮೊದಲು ಇಳಕಲ್ಲಿನ ಬಸ್ಸು ಹತ್ತಿದೆ. ಹೆಂಗಸರಿಗೆ ಪುಕ್ಕಟೆ, ಆದರೆ ಕೂರಲು ಜಾಗವಿರಲಿಲ್ಲ. ಹುನಗುಂದದವರೆಗೆ ನಿಂತೇ ಬಂದೆ. ಅಲ್ಲಿ ಹತ್ತು ನಿಮಿಷ ನಿಂತಿತು. ಮಿರ್ಚಿ ಭಜಿ ತಿಂದು, ಚಹಾ ಕುಡಿದು, ನಾಲಿಗೆ ಸುಟ್ಟುಕೊಂಡೆ. ಅಲ್ಲಿಂದ ಇಳಕಲ್ ಅರ್ಧ ತಾಸಿನ ದಾರಿ. ಏಪ್ರಿಲ್ಲಿನ ಬಿಸಿಲು ಒಂಬತ್ತಕ್ಕೇ ಕಣ್ಣು ಕುಕ್ಕುತ್ತಿತ್ತು.

ಜಾಹೀರಾತು ತೋರಿಸಿದರೆ ಚಿಗವ್ವ ಸಿಟ್ಟಾಗುತ್ತಾಳೆ ಅಂದುಕೊಂಡಿದ್ದೆ. ಅವಳ ಮುಖ ಅರಳಿತು.

"ಖರೇನ ಶೈಲಾ? ನನ್ನ ಕರ್ಚಿಕಾಯಿ ಹೋಟೆಲ್ಲಿಗೆ ಹೋತಾ!"

"ಚಿಗವ್ವ, ಅವರು ಕದ್ದಾರ. ಚಾಲುಕ್ಯರ ಹೆಸರು ಬ್ಯಾರೆ ಹಚ್ಚ್ಯಾರ."

"ಕದ್ರ ಕದೀಲಿ ಬಿಡು. ಕಥಿ ಏನ ಬೋರಮಾಳ ಐತೇನು, ಕೊಳ್ಳಾಗಿಂದ ಹೋಗಾಕ? ನಡಿ, ನೋಡೂಣು."

ಕೆಂಪು ಸೆರಗಿನ ಹೊಸ ಸೀರೆ ಉಟ್ಟು, ಮದುವೆಗೆ ಹೊರಟವಳ ಹಾಗೆ ಹೊರಟಳು. ನಾನೊಬ್ಬಳೇ ಉರಿಯುತ್ತಿದ್ದೆ.

ಬಾದಾಮಿಯ ನೇರ ಬಸ್ಸು ತಪ್ಪಿತು, ಗುಳೇದಗುಡ್ಡದ ಬಸ್ಸು ಹತ್ತಿದೆವು. ಅಮೀನಗಡದಲ್ಲಿ ಕಿಟಕಿಗೆ ಕರದಂಟು ಮಾರುವವರು ಬಂದರು. ಚಿಗವ್ವ ಕೊಂಡು ಪಕ್ಕದ ಸೀಟಿನವರಿಗೆಲ್ಲ ಹಂಚಿ, "ನನ್ನ ಕಥಿ ಬಾದಾಮ್ಯಾಗ ಹಬ್ಬ ಆಗೇತ್ರಿ" ಎಂದು ಹೇಳಿಕೊಂಡಳು. ಗುಳೇದಗುಡ್ಡದಲ್ಲಿ ಇಳಿದು ಮುಕ್ಕಾಲು ತಾಸು ಕಾದೆವು. ಬಾದಾಮಿಯಿಂದ ರೆಸಾರ್ಟಿಗೆ ಆಟೋದವನು ಇನ್ನೂರು ಕೇಳಿದ, ನೂರೈವತ್ತಕ್ಕೆ ಒಪ್ಪಿದ. ಬಾಗಿಲಲ್ಲಿ ಮತ್ತೆ ತಲೆಗೆ ಮುನ್ನೂರರ ಟಿಕೆಟ್. ತನ್ನದೇ ಕಥೆ ನೋಡಲು ಚಿಗವ್ವ ಟಿಕೆಟ್ ತೆಗೆಸಬೇಕಾಯಿತು! ನಾಚಿಕೆಗೆಟ್ಟವರು ಎಂದು ನಾನು ಬೈದದ್ದು ಕಾವಲುಗಾರನಿಗೂ ಕೇಳಿಸಿತು.

ಒಳಗೆ ಪ್ಲಾಸ್ಟಿಕ್ಕಿನ ಕಂಬಗಳ ನಡುವೆ ಸಿಂಹಾಸನ. ಕಾಗದದ ಕಿರೀಟ ಇಟ್ಟುಕೊಂಡ ಪ್ರವಾಸಿಗರು ಒಬ್ಬರಾದ ಮೇಲೊಬ್ಬರು ಅದರ ಮೇಲೆ ಕೂರುತ್ತಿದ್ದರು. ಮೂಲೆಯಲ್ಲಿ ಒಬ್ಬ ಹೆಂಗಸು ಬೆವರು ಒರೆಸಿಕೊಳ್ಳುತ್ತ ಕರ್ಚಿಕಾಯಿ ಕರಿದು, ತಾನೇ ತಟ್ಟೆ ಹಿಡಿದು, ಬಗ್ಗಿ ಕೊಡುತ್ತಿದ್ದಳು. ಗೋಡೆಯ ಫಲಕವನ್ನು ಚಿಗವ್ವನಿಗೆ ಓದಿ ಹೇಳಿದೆ: 'ಮೊದಲ ಕರ್ಚಿಕಾಯಿಯನ್ನು ಅರಸ ತಿಂದು ಮುಗಿಸುವವರೆಗೆ ಸೂರ್ಯ ನಿಲ್ಲುತ್ತಿದ್ದ.'

"ಏನಂದಿ? ಯಾರು ತಿಂದು?"

"ಅರಸ."

ಅವಳ ಮುಖ ಕಪ್ಪಿಟ್ಟಿತು. ನನ್ನ ಸಿಟ್ಟು ಬರೀ ಹೆಸರಿನದು. ಅವಳಿಗೆ ತಗುಲಿದ್ದು ಬೇರೆ. ಸೆರಗು ಸೊಂಟಕ್ಕೆ ಸಿಕ್ಕಿಸಿ ನೆಟ್ಟಗೆ ಮ್ಯಾನೇಜರನ ಮುಂದೆ ಹೋಗಿ ನಿಂತಳು. ಹುಡುಗ ಮೈಸೂರು ಕಡೆಯವನು, ಮಾತು ನಯವಾಗಿತ್ತು.

"ಅಮ್ಮಾ, ಇದು ಸಾವಿರದೈನೂರು ವರ್ಷದ ಪರಂಪರೆ."

"ನನಗಿನ್ನೂ ಎಪ್ಪತ್ತೆರಡಪಾ. ಇದನ್ನ ಹುಟ್ಟಿಸಿದಾಕಿ ನಾನು. ಕಥಿ ಒಯ್ದಿ, ಒಯ್ಯಿ. ಕರದಾಕಿನ್ನ ನಿಂದ್ರಿಸಿ ಅರಸನ್ನ ಯಾಕ ಕುಂದ್ರಿಸಿದಿ? ಅರಸ ಕುಂತ್ರ ಸೂರ್ಯ ಯಾಕ ನಿಂದರಬೇಕು? ಅವ ದಿನಾ ಕುಂತಿರತಾನ!"

ಚಿಗವ್ವ ಒಂದು ಕುರ್ಚಿ ಎಳೆದುಕೊಂಡು ಹೋಗಿ ಒಲೆಯ ಪಕ್ಕ ಹಾಕಿದಳು. ಕರಿಯುತ್ತಿದ್ದವಳು ಶಿರೂರಿನ ಯಲ್ಲವ್ವ.

"ಮುಂಜಾನಿಂದ ಏನರ ತಿಂದಿಯೇನವ್ವಾ?"

"ಮಂದಿ ಹೋದ ಮ್ಯಾಲೆ ತಿಂತೇನ್ರಿ ಆಯಿ."

"ಈಗ ಕುಂದ್ರು. ಇದು ನಿಂದು." ಆಗಷ್ಟೇ ಎಣ್ಣೆಯಿಂದ ತೆಗೆದದ್ದನ್ನು ಎಲೆಯ ಮೇಲಿಟ್ಟು ಕೊಟ್ಟಳು.

ಯಲ್ಲವ್ವ ಮ್ಯಾನೇಜರನ ಕಡೆ ನೋಡಿದಳು. ಸಿಂಹಾಸನದಿಂದ ಒಬ್ಬ ಕೂಗಿದ: "ನಮ್ಮದೆಲ್ಲಿ?" ನಾನು ಇಪ್ಪತ್ತು ವರ್ಷ ಶಾಲೆಯಲ್ಲಿ ಹುಡುಗರನ್ನು ಸುಮ್ಮನಿರಿಸಿದ ದನಿಯಲ್ಲಿ, "ಕಾಯ್ರಿ!" ಎಂದೆ. ಮ್ಯಾನೇಜರಿಗೂ ಹೇಳಿದೆ, ಇವಳ ಕೆಲಸಕ್ಕೆ ಏನಾದರೂ ಕುಂದು ಬಂದರೆ ಈ ಫಲಕದ ಸುಳ್ಳನ್ನು ಬಾಗಲಕೋಟೆಯ ಮನೆಮನೆಗೆ ಮುಟ್ಟಿಸುತ್ತೇನೆ ಎಂದು. ಅವನು ತಲೆ ತಗ್ಗಿಸಿ, ಕೂತುಕೋ ಎಂದು ಅವಳಿಗೆ ಸನ್ನೆ ಮಾಡಿದ.

ಆದರೂ ಯಲ್ಲವ್ವ ಕೂರಲಿಲ್ಲ. ಎಲೆ ಕೈಯಲ್ಲಿ ಹಿಡಿದು ಕೇಳಿದಳು: "ಆಯಿ, ಸಿಟ್ಟಾಗಬ್ಯಾಡ್ರಿ. ನಿಮ್ಮ ಮನ್ಯಾಗ ನೀವು ಹಿಂಗ ಕುಂತು ಮದ್ಲ ತಿಂತಿದ್ರೇನ್ರಿ?"

ಚಿಗವ್ವ ಸೊಂಟಕ್ಕೆ ಸಿಕ್ಕಿಸಿದ್ದ ಸೆರಗು ಬಿಚ್ಚಿ ಮುಖ ಒರೆಸಿಕೊಂಡಳು. ದೀಪಾವಳಿಯ ಆ ಅಡುಗೆಮನೆಯಲ್ಲಿ ಅವಳು ಒಮ್ಮೆಯಾದರೂ ಕೂತದ್ದು ನನಗೆ ನೆನಪಿಲ್ಲ.

"ಒಂದ ದಿನಾನೂ ಇಲ್ಲವ್ವಾ," ಅಂದಳು. "ಅದಕ್ಕ ಆ ಊರ ಕಟ್ಟಿದ್ನಿ."

ಯಲ್ಲವ್ವ ಒಲೆ ಆರಿಸಿದಳು. ಕುರ್ಚಿಯ ಮೇಲೆ ಕೂತು ಒಂದು ಅಂಚು ಮುರಿದು ಬಾಯಿಗಿಟ್ಟಳು. ಹೊರಗೆ ಬರುವಾಗ ತಿರುಗಿ ನೋಡಿದೆ. ಫಲಕ ಅಲ್ಲೇ ಇತ್ತು, ನನ್ನ ಸಿಟ್ಟೂ ಇಳಿದಿರಲಿಲ್ಲ. ಕಿರೀಟದವರು ಸಾಲಾಗಿ ನಿಂತು ಕಾಯುತ್ತಿದ್ದರು. ಯಲ್ಲವ್ವ ಇನ್ನೂ ತಿನ್ನುತ್ತಿದ್ದಳು, ಸಾವಕಾಶವಾಗಿ.